ಚಿತ್ರನಿರ್ಮಾಣವೆಂಬ ಉದ್ಯಮ: ಪಾರ್ವತಮ್ಮ ರಾಜ್‌ಕುಮಾರ್ ಅವರ ಮಾದರಿ

ಚಲನಚಿತ್ರ ನಿರ್ಮಾಣವೂ ಒಂದು ಉತ್ಪಾದನಾ ಉದ್ಯಮವೇ. ಆದರೆ ಇಲ್ಲಿ ಮೊದಲ ರೂಪಾಯಿ ಕೈಸೇರುವ ಮುನ್ನವೇ ಬಹುಪಾಲು ವೆಚ್ಚ ಮುಗಿದಿರುತ್ತದೆ. ರಾಯಚೂರಿನ ಜಿನ್ನಿಂಗ್ ಕಾರ್ಖಾನೆಯಲ್ಲಿ ಉಳಿದ ಹತ್ತಿಗೆ ಮರುದಿನವೂ ಒಂದು ಮಾರುಕಟ್ಟೆ ದರವಿರುತ್ತದೆ. ಪ್ರೇಕ್ಷಕರು ತಿರಸ್ಕರಿಸಿದ ಚಿತ್ರಕ್ಕೆ ಅದೂ ಇಲ್ಲ. ಇಂತಹ ಉದ್ಯಮದಲ್ಲಿ ದಶಕಗಳ ಕಾಲ ನೆಲೆನಿಂತವರು ಪಾರ್ವತಮ್ಮ ರಾಜ್‌ಕುಮಾರ್ (1939–2017).

1975ರ ‘ತ್ರಿಮೂರ್ತಿ’ಯಿಂದ ಆರಂಭವಾದ ಅವರ ನಿರ್ಮಾಣಕಾರ್ಯ ಸುಮಾರು 80 ಚಿತ್ರಗಳಿಗೆ ವಿಸ್ತರಿಸಿತು. ಡಾ. ರಾಜ್‌ಕುಮಾರ್ ಅವರ ಜನಪ್ರಿಯತೆ ದೊಡ್ಡ ಬಂಡವಾಳವಾಗಿತ್ತು, ನಿಜ. ಆದರೆ ಬಂಡವಾಳವಿದ್ದ ಮಾತ್ರಕ್ಕೆ ಲಾಭ ಬರುವುದಿಲ್ಲ.

ವಿತರಣೆಯ ಹಿಡಿತ

ಚಿತ್ರೋದ್ಯಮವು ಕರ್ನಾಟಕವನ್ನು ಹಲವು ವಿತರಣಾ ವಲಯಗಳಾಗಿ ವಿಂಗಡಿಸಿದೆ. ರಾಯಚೂರು ಸೇರುವುದು ಹೈದರಾಬಾದ್–ಕರ್ನಾಟಕ ವಲಯಕ್ಕೆ. ನಿರ್ಮಾಪಕನು ವಲಯದ ಹಕ್ಕನ್ನು ಒಂದೇ ಮೊತ್ತಕ್ಕೆ ಮಾರಬಹುದು. ಕನಿಷ್ಠ ಖಾತರಿ ಹಣ ಪಡೆದು ಹೆಚ್ಚುವರಿ ಗಳಿಕೆಯಲ್ಲಿ ಪಾಲು ಕೇಳಬಹುದು. ಅಥವಾ ಕಮಿಷನ್ ಆಧಾರದಲ್ಲಿ ಬಿಡುಗಡೆ ಮಾಡಿ ನಷ್ಟದ ಹೊಣೆಯನ್ನು ತಾನೇ ಹೊರಬಹುದು. ಹಕ್ಕು ಮಾರಿದವನಿಗೆ ನಿಶ್ಚಿಂತೆ. ಆದರೆ ಚಿತ್ರ ಗೆದ್ದರೆ ಲಾಭ ಬೇರೆಯವರದು. ಪಾರ್ವತಮ್ಮನವರು ವಜ್ರೇಶ್ವರಿ ಕಂಬೈನ್ಸ್ ಮೂಲಕ ನಿರ್ಮಾಣದೊಂದಿಗೆ ವಿತರಣೆಯನ್ನೂ ನಡೆಸಿದರು. 1995ರ ‘ಓಂ’ ಮತ್ತೆ ಮತ್ತೆ ಮರುಬಿಡುಗಡೆಯಾಯಿತು. ಹಕ್ಕನ್ನು ಉಳಿಸಿಕೊಂಡವರಿಗೆ ಹಳೆಯ ಚಿತ್ರವೂ ಆಸ್ತಿಯಾಗಬಲ್ಲದೆಂಬುದಕ್ಕೆ ಅದು ನಿದರ್ಶನ.

ಜಪಾನಿನ ಮಸಾಯಿಚಿ ನಗಾತಾ ಅವರ ದೈಯೇ ಸಂಸ್ಥೆ ಇದಕ್ಕೆ ಹೋಲಿಸತಕ್ಕದ್ದು. ಅದರ ‘ರಾಶೋಮನ್’ 1951ರಲ್ಲಿ ವೆನಿಸ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಗಳಿಸಿತು. ಆದರೆ ಪ್ರತಿಸ್ಪರ್ಧಿಗಳಿಗೆ ಹೋಲಿಸಿದರೆ ಅದರ ಚಿತ್ರಮಂದಿರ ಜಾಲ ದುರ್ಬಲವಾಗಿತ್ತು. ದೂರದರ್ಶನದ ಪೈಪೋಟಿಯಲ್ಲಿ ಪ್ರೇಕ್ಷಕರು ಕಡಿಮೆಯಾದಾಗ ತಾಳಲಾರದೆ 1971ರಲ್ಲಿ ಅದು ದಿವಾಳಿಯಾಯಿತು.

ಕಥೆ ಮತ್ತು ಕಲಾವಿದರು

ಪರೀಕ್ಷಿತ ಕಚ್ಚಾ ಸಾಮಗ್ರಿಯತ್ತಲೂ ಪಾರ್ವತಮ್ಮನವರ ಒಲವಿತ್ತು. ‘ಜೀವನ ಚೈತ್ರ’ (1992) ವಿಶಾಲಾಕ್ಷಿ ದಕ್ಷಿಣಾಮೂರ್ತಿ ಅವರ ಕಾದಂಬರಿಯನ್ನೂ ‘ಜನುಮದ ಜೋಡಿ’ (1996) ಪನ್ನಾಲಾಲ್ ಪಟೇಲರ ಗುಜರಾತಿ ಕಾದಂಬರಿಯನ್ನೂ ಆಧರಿಸಿದ್ದವು. ‘ಆನಂದ್’ (1986) ಚಿತ್ರದಲ್ಲಿ ಸುಧಾರಾಣಿ, ‘ನಂಜುಂಡಿ ಕಲ್ಯಾಣ’ದಲ್ಲಿ (1989) ಮಾಲಾಶ್ರೀ ನಾಯಕಿಯರಾಗಿ ಕನ್ನಡಕ್ಕೆ ಪರಿಚಿತರಾದರು.

ಲೆಕ್ಕದ ಮಾತು

ಬಿಡುಗಡೆಯ ದಿನಾಂಕವೂ ಲೆಕ್ಕಪತ್ರದ ವಿಷಯವೇ. 1962ರ ಆದಾಯ ತೆರಿಗೆ ನಿಯಮಾವಳಿಯ 9ಎ ನಿಯಮದಂತೆ, ನಿರ್ಮಾಪಕನು ತಾನೇ ಪ್ರದರ್ಶನಕ್ಕೆ ಬಿಟ್ಟ ಚಿತ್ರವು ವರ್ಷಾಂತ್ಯಕ್ಕೆ ಕನಿಷ್ಠ 90 ದಿನ ಮೊದಲು ತೆರೆಕಂಡಿದ್ದರೆ ಮಾತ್ರ ಪೂರ್ಣ ನಿರ್ಮಾಣ ವೆಚ್ಚವನ್ನು ಅದೇ ವರ್ಷ ಕಳೆಯಬಹುದಿತ್ತು. ತಡವಾದರೆ ಗಳಿಕೆಯಷ್ಟೇ ವೆಚ್ಚ ಕಳೆದು, ಉಳಿದುದನ್ನು ಮುಂದಿನ ವರ್ಷಕ್ಕೆ ಒಯ್ಯಬೇಕಾಗಿತ್ತು.

ಸರಕು ತಯಾರಿಸುವುದು ಉದ್ಯಮದ ಅರ್ಧಭಾಗ ಮಾತ್ರ. ಮಾರಾಟದ ಹಕ್ಕನ್ನು ಯಾವ ದರಕ್ಕೆ, ಎಷ್ಟು ಕಾಲಕ್ಕೆ ಬಿಟ್ಟುಕೊಡಬೇಕೆಂಬುದನ್ನು ಸಣ್ಣ ಉತ್ಪಾದಕರೂ ಕರಾರಿಗೆ ಸಹಿ ಹಾಕುವ ಮುನ್ನವೇ ನಿರ್ಧರಿಸುವುದು ಹಿತಕರ.