ಕಿಣ್ವದ ಎರಡು ಜರಡಿ

ಟಿಆರ್‌ಎನ್‌ಎ ತಂದ ಅಮೈನೊ ಆಮ್ಲ ಸರಿಯೇ ಎಂದು ರೈಬೊಸೋಮ್ ಬಹುಮಟ್ಟಿಗೆ ಪರೀಕ್ಷಿಸುವುದಿಲ್ಲ. ಆ ಹೊಣೆ ಸಿಂಥೆಟೇಸ್ ಕಿಣ್ವಗಳದು. ಐಸೊಲ್ಯೂಸಿನ್‌ಗಿಂತ ವ್ಯಾಲಿನ್‌ನಲ್ಲಿ ಒಂದು ಮೀಥೈಲೀನ್ ಗುಂಪು ಕಡಿಮೆ, ಅಷ್ಟೆ. ದೊಡ್ಡದಕ್ಕೆಂದೇ ಇರುವ ಕುಳಿಯಲ್ಲಿ ಚಿಕ್ಕದು ಕೂರದಂತೆ ತಡೆಯುವುದು ಹೇಗೆ? ಬಂಧಶಕ್ತಿಯ ಈ ಅಲ್ಪ ಅಂತರವನ್ನೇ ನೆಚ್ಚಿದರೆ ಸುಮಾರು 200ಕ್ಕೆ ಒಂದು ತಪ್ಪಾದೀತು. ಆದರೆ ಕೋಶದಲ್ಲಿ ಕಾಣುವುದು ಸುಮಾರು 3000ಕ್ಕೆ ಒಂದು.

ಅಲನ್ ಫರ್ಷ್ಟ್ 1977ರಲ್ಲಿ ಸೂಚಿಸಿದ ಉತ್ತರ ನಮ್ಮ ಅಡುಗೆಮನೆಯದು: ಎರಡು ಜರಡಿ. ಮೊದಲನೆಯದು ದೊಡ್ಡ ಅಣುಗಳನ್ನು ತಡೆಯುತ್ತದೆ. ಎರಡನೆಯದು ಇನ್ನೂ ಕಿರಿದಾದ ಕುಳಿ. ಐಸೊಲ್ಯೂಸಿನ್ ಅದರೊಳಗೆ ಹಿಡಿಸದು, ವ್ಯಾಲಿನ್ ಹೊಕ್ಕು ಜಲವಿಭಜನೆಗೆ ಗುರಿಯಾಗುತ್ತದೆ. ಎಟಿಪಿ ವ್ಯರ್ಥವಾಯಿತೆನ್ನಬೇಡಿ. ಅಲನೈನ್‌ನ ಇಂಥದೇ ಕಿಣ್ವದಲ್ಲಿ ಈ ತಿದ್ದುಪಡಿ ತುಸು ಕುಂದಿದ್ದ ಇಲಿಗಳ ಮೆದುಳಿನಲ್ಲಿ ಪರ್ಕಿಂಜಿ ನರಕೋಶಗಳು ಸಾಯುವುದು 2006ರಲ್ಲಿ ವರದಿಯಾಯಿತು.