ಪರದೆಯ ಮೇಲೆ ಚಿತ್ರ ಮೂಡುವುದಕ್ಕೆ ಮುನ್ನ

ಅಗಲದಲ್ಲಿ 1920, ಎತ್ತರದಲ್ಲಿ 1080 ಬಿಂದುಗಳುಳ್ಳ ಒಂದು ಚಿತ್ರದಲ್ಲಿ ಇಪ್ಪತ್ತು ಲಕ್ಷಕ್ಕೂ ಮಿಗಿಲಾದ ಬಿಂದುಗಳಿರುತ್ತವೆ; ಒಂದೊಂದು ಬಿಂದುವಿನ ಬಣ್ಣವನ್ನು ಬರೆದಿಡಲು 3 ಬೈಟುಗಳಂತೆ, ಸೆಕೆಂಡಿಗೆ 25 ಚಿತ್ರಗಳಂತೆ ಲೆಕ್ಕ ಹಾಕಿದರೆ, ಎರಡು ಗಂಟೆ ಓಡುವ ಸಿನಿಮಾ ಒಂದಕ್ಕೆ ಒಂದು ಲಕ್ಷ ಕೋಟಿಗೂ ಹೆಚ್ಚು ಬೈಟುಗಳ ಸ್ಥಳ ಬೇಕಾಗುತ್ತದೆ. ಅದೇ ಸಿನಿಮಾ ನಮ್ಮ ಮನೆಯ ಕಂಪ್ಯೂಟರಿಗೆ ಬಂದು ಸೇರುವುದು ಇನ್ನೂರು ಕೋಟಿ ಬೈಟುಗಳ ಫೈಲಾಗಿ, ಎಂದರೆ ಐನೂರರಲ್ಲೊಂದು ಪಾಲಿಗೂ ಕಡಿಮೆಯಾಗಿ. ಹೀಗೆ ಅಡಕಗೊಂಡುದನ್ನು ಕ್ಷಣಕ್ಷಣಕ್ಕೂ ಬಿಡಿಸಿ ಮತ್ತೆ ಚಿತ್ರವಾಗಿ ನಿಲ್ಲಿಸುವುದೇ ವಿಡಿಯೊ ಪ್ಲೇಯರಿನ ಧರ್ಮವಾದುದರಿಂದ, ಯಾವ ಪ್ಲೇಯರನ್ನು ಆರಿಸಬೇಕೆಂದು ಕೇಳುವವರು ಅಡಕಗೊಳಿಸುವ ಕ್ರಮವನ್ನು ಸ್ವಲ್ಪ ತಿಳಿದಿರುವುದು ಮೇಲು.

ಆ ಕ್ರಮದಲ್ಲಿ ಮುಖ್ಯವಾದ ಉಪಾಯಗಳು ಎರಡು. ಸೆಕೆಂಡಿನ ಇಪ್ಪತ್ತೈದನೆಯ ಒಂದು ಭಾಗದಲ್ಲಿ ದೃಶ್ಯವು ಹೆಚ್ಚಾಗಿ ಬದಲಾಗದು. ಆದಕಾರಣ ಆಗೊಮ್ಮೆ ಈಗೊಮ್ಮೆ ಒಂದು ಪೂರ್ಣಚಿತ್ರವನ್ನು ಬರೆದಿಟ್ಟು, ಮಿಕ್ಕವುಗಳಲ್ಲಿ ಯಾವ ತುಂಡು ಎತ್ತ ಸರಿಯಿತು, ಹೊಸದಾಗಿ ಏನು ಸೇರಿತು ಎಂಬಷ್ಟನ್ನೇ ಬರೆಯುತ್ತಾರೆ. ಎರಡನೆಯದು ಒಂದೊಂದು ಚಿತ್ರದ ಒಳಗೇ ನಡೆಯತಕ್ಕದ್ದು: ಚಿತ್ರವನ್ನು ಸಣ್ಣ ಚೌಕಗಳಾಗಿ ವಿಭಾಗಿಸಿ, ಪ್ರತಿ ಚೌಕದ ಬೆಳಕು ನೆರಳುಗಳನ್ನು ಕೊಸೈನ್ ಅಲೆಗಳ ಮೊತ್ತವಾಗಿ ಪರಿವರ್ತಿಸಿದರೆ, ಮಂದವಾಗಿ ಏರಿಳಿಯುವ ಕೆಲವೇ ಅಲೆಗಳಲ್ಲಿ ಚಿತ್ರದ ಸತ್ತ್ವದ ಬಹುಭಾಗ ಬಂದು ನಿಲ್ಲುತ್ತದೆ, ತೀವ್ರವಾಗಿ ಏರಿಳಿಯುವ ಅಲೆಗಳ ಬೆಲೆಗಳನ್ನು ಸ್ಥೂಲಗೊಳಿಸಿದರೂ, ಹಲವನ್ನು ಬಿಟ್ಟೇಬಿಟ್ಟರೂ, ಮನುಷ್ಯನ ಕಣ್ಣು ಆ ನಷ್ಟವನ್ನು ಸುಲಭವಾಗಿ ಗ್ರಹಿಸಲಾರದು.

ಈ ಪರಿವರ್ತನೆಯನ್ನು ಲೋಕಕ್ಕೆ ಕೊಟ್ಟವರಲ್ಲಿ ಅಗ್ರಗಣ್ಯರಾದ ನಾಸಿರ್ ಅಹಮದ್ ಅವರು 1940ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿ, ಇಂದು ವಿಶ್ವೇಶ್ವರಯ್ಯ ಇಂಜಿನಿಯರಿಂಗ್ ಕಾಲೇಜೆಂದು ಪ್ರಸಿದ್ಧವಾಗಿರುವ ಸಂಸ್ಥೆಯಲ್ಲಿ 1961ರಲ್ಲಿ ಪದವಿ ಪಡೆದು ಅಮೆರಿಕೆಗೆ ತೆರಳಿದವರು. ಕ್ಯಾನ್ಸಾಸಿನಲ್ಲಿ ಅಧ್ಯಾಪಕರಾಗಿದ್ದಾಗ, 1972ರಲ್ಲಿ, ಈ ಸಂಶೋಧನೆಗೆ ಧನಸಹಾಯ ಬೇಡಿ ಅಲ್ಲಿಯ ರಾಷ್ಟ್ರೀಯ ವಿಜ್ಞಾನ ಪ್ರತಿಷ್ಠಾನಕ್ಕೆ ಅವರು ಸಲ್ಲಿಸಿದ ಅರ್ಜಿ ತಿರಸ್ಕೃತವಾಯಿತು. ಆದರೂ ಕೈಬಿಡದೆ, ಟಿ. ನಟರಾಜನ್ ಮತ್ತು ಕೆ. ಆರ್. ರಾವ್ ಅವರೊಡನೆ ಕೂಡಿ 1974ರಲ್ಲಿ ಅವರು ಪ್ರಕಟಿಸಿದ ಕಿರುಪ್ರಬಂಧವೇ, ಮುಂದೆ ಜೆಪೆಗ್ ಚಿತ್ರಗಳಿಗೂ ವಿಡಿಯೊ ಸಿ.ಡಿ., ಡಿ.ವಿ.ಡಿ.ಗಳಿಗೂ ಇಂದು ಎಲ್ಲೆಲ್ಲೂ ಹಬ್ಬಿರುವ ಎಚ್.264 ಪದ್ಧತಿಗೂ ಆಧಾರಶಿಲೆಯಾಯಿತು. ನಮ್ಮ ಶಾಲೆಗಳ ಮಕ್ಕಳು ಅರಿತಿರಲೇಬೇಕಾದ ಹೆಸರು ಇದು.

ಇನ್ನು ಪ್ಲೇಯರಿನ ವಿಚಾರ. ಫೈಲಿನ ಹೆಸರಿನ ಕೊನೆಯಲ್ಲಿರುವ ಎಂಪಿ4, ಎಂಕೆವಿ, ಎವಿಐ ಎಂಬ ಅಕ್ಷರಗಳು ಹೊರಗಿನ ಪೆಟ್ಟಿಗೆಯನ್ನು ಸೂಚಿಸುತ್ತವೆಯೇ ಹೊರತು ಒಳಗಿನ ವಸ್ತು ಯಾವ ಪದ್ಧತಿಯಿಂದ ಅಡಕಗೊಂಡಿದೆಯೆಂಬುದನ್ನು ಹೇಳುವುದಿಲ್ಲ. ಆದುದರಿಂದಲೇ ಒಂದು ಎಂಕೆವಿ ಫೈಲು ಚೆನ್ನಾಗಿ ಓಡಿ, ಇನ್ನೊಂದು ಕಪ್ಪು ಪರದೆಯನ್ನು ತೋರಿ ಬರಿಯ ಧ್ವನಿಯನ್ನು ಕೇಳಿಸುವುದುಂಟು. ಪ್ಲೇಯರು ಪೆಟ್ಟಿಗೆಯನ್ನು ತೆರೆದು, ಚಿತ್ರದ ಧಾರೆಯನ್ನೂ ಧ್ವನಿಯ ಧಾರೆಯನ್ನೂ ಬೇರ್ಪಡಿಸಿ, ಒಂದೊಂದನ್ನೂ ಅದಕ್ಕೆ ತಕ್ಕ ಕೋಡೆಕ್ಕಿನಿಂದ, ಎಂದರೆ ಆಯಾ ಪದ್ಧತಿಯಲ್ಲಿ ಅಡಕಗೊಳಿಸುವ ಮತ್ತು ಬಿಡಿಸುವ ಸಾಧನದಿಂದ, ಬಿಡಿಸಿ, ಎರಡನ್ನೂ ಒಂದೇ ಕಾಲಮಾನಕ್ಕೆ ಹೊಂದಿಸಬೇಕು. ಸಾಮಾನ್ಯವಾಗಿ ಧ್ವನಿಯನ್ನೇ ಗಡಿಯಾರವಾಗಿ ಇರಿಸಿಕೊಳ್ಳುತ್ತಾರೆ; ಏಕೆಂದರೆ ಧ್ವನಿ ಒಂದಿನಿತು ತುಂಡಾದರೂ ಕಿವಿ ಸಹಿಸದು, ಚಿತ್ರವೊಂದು ಬಿಟ್ಟುಹೋದರೆ ಕಣ್ಣು ಕ್ಷಮಿಸುತ್ತದೆ. ಒಂದು ಚಿತ್ರವನ್ನು ಬಿಡಿಸಲು ದೊರೆಯುವ ಅವಧಿ ಸೆಕೆಂಡಿನ ಸಾವಿರದಲ್ಲಿ 40 ಭಾಗ ಮಾತ್ರ. 2013ರಲ್ಲಿ ಸಿದ್ಧವಾದ ಎಚ್.265, 2018ರ ಎವಿ1 ಎಂಬ ಪದ್ಧತಿಗಳು ಫೈಲನ್ನು ಇನ್ನಷ್ಟು ಕಿರಿದಾಗಿಸಿದರೂ ಬಿಡಿಸುವ ಶ್ರಮವನ್ನು ಹೆಚ್ಚಿಸಿವೆ. ಅವುಗಳಿಗಿಂತ ಹಿಂದೆ ತಯಾರಾದ ಕಂಪ್ಯೂಟರಿನ ಚಿಪ್ಪುಗಳಲ್ಲಿ ಅದಕ್ಕೆಂದೇ ರಚಿತವಾದ ಮಂಡಲ ಇರಲಾರದಾದುದರಿಂದ, ಎಂತಹ ಪ್ಲೇಯರನ್ನು ಹಾಕಿದರೂ ಚಿತ್ರ ತಡವರಿಸಬಹುದು.

ವಿಂಡೋಸಿನ ಸ್ವಂತ ಪ್ಲೇಯರಿನಲ್ಲಿ ಎಚ್.265 ಫೈಲನ್ನು ತೆರೆಯಹೋದರೆ, ಪೇಟೆಂಟುಗಳ ದೆಸೆಯಿಂದ, ಪ್ರತ್ಯೇಕವಾದ ಸೇರ್ಪಡೆಯೊಂದನ್ನು ಕೊಂಡುಕೊಳ್ಳಬೇಕೆಂದು ಅದು ಹೇಳುವುದುಂಟು. ಬೇಕಾದ ಕೋಡೆಕ್ಕುಗಳನ್ನೆಲ್ಲ ತನ್ನೊಡನೆಯೇ ತರುವ ಪ್ಲೇಯರೇ ಮನೆಗೆ ಯೋಗ್ಯವೆಂಬುದು ನನ್ನ ದೃಢವಾದ ಅಭಿಪ್ರಾಯ; ಅಂಥವುಗಳಲ್ಲಿ ವಿಎಲ್‌ಸಿ ಮೊದಲು ನೆನಪಿಗೆ ಬರುತ್ತದೆ. ಪ್ಯಾರಿಸ್ಸಿನ ಎಕೋಲ್ ಸಾಂತ್ರಾಲ್ ಎಂಬ ಇಂಜಿನಿಯರಿಂಗ್ ವಿದ್ಯಾಲಯದ ವಿದ್ಯಾರ್ಥಿಗಳು, ತಮ್ಮ ನಿಲಯಗಳ ಜಾಲದಲ್ಲಿ ವಿಡಿಯೊವನ್ನು ಹರಿಸಬೇಕೆಂದು 1996ರಲ್ಲಿ ಆರಂಭಿಸಿದ ಈ ಕಾರ್ಯವನ್ನು, 2001ರಲ್ಲಿ ವಿದ್ಯಾಲಯದ ಅನುಮತಿ ದೊರೆತಮೇಲೆ, ಯಾರು ಬೇಕಾದರೂ ಓದಿ ತಿದ್ದಬಹುದಾದ ಮುಕ್ತ ತಂತ್ರಾಂಶವಾಗಿ ಹೊರತರಲಾಯಿತು. ಅದರ ಬಿಡಿಸುವ ಕೆಲಸದ ಬಹುಭಾಗವನ್ನು ನಿರ್ವಹಿಸುವುದು, ಫಾಬ್ರಿಸ್ ಬೆಲಾರ್ ಅವರು 2000ದಲ್ಲಿ ಪ್ರಾರಂಭಿಸಿದ ಎಫ್‌ಎಫ್‌ಎಂಪೆಗ್ ಎಂಬ ಇನ್ನೊಂದು ಮುಕ್ತ ತಂತ್ರಾಂಶ. ಎಂಪಿವಿ ಎಂಬ ಪ್ಲೇಯರೂ ಇದೇ ಎಫ್‌ಎಫ್‌ಎಂಪೆಗ್ಗನ್ನು ಆಶ್ರಯಿಸಿದೆ. ಮೆನುಗಳ ಆಡಂಬರವಿಲ್ಲದೆ ಕೀಲಿಮಣೆಯಿಂದಲೇ ನಡೆಯತಕ್ಕ ಅದು ಅಭ್ಯಾಸವಿದ್ದವರಿಗೆ ಅತ್ಯಂತ ಪ್ರಿಯವಾದರೂ, ಮನೆಮಂದಿಯೆಲ್ಲ ಬಳಸುವ ಯಂತ್ರಕ್ಕೆ ವಿಎಲ್‌ಸಿಯೇ ಹಿತ. ಯಾವುದನ್ನೇ ಆದರೂ ಆಯಾ ಸಂಸ್ಥೆಯ ಸ್ವಂತ ತಾಣದಿಂದಲೇ ಪಡೆಯತಕ್ಕದ್ದು. ಅದೇ ಹೆಸರಿನಲ್ಲಿ ಅನ್ಯರು ಹಂಚುವ ಪ್ರತಿಗಳಲ್ಲಿ ಜಾಹೀರಾತಿನ ಉಪದ್ರವ ಸೇರಿರುವುದುಂಟು.

ಕನ್ನಡದ ಸಬ್‌ಟೈಟಲ್ಲುಗಳನ್ನು ಇಟ್ಟುಕೊಂಡು ಪರಭಾಷೆಯ ಚಿತ್ರಗಳನ್ನು ನೋಡುವವರು ಮತ್ತೊಂದು ಪರೀಕ್ಷೆಯನ್ನೂ ಮಾಡಬೇಕು. ನಮ್ಮ ಲಿಪಿಯಲ್ಲಿ ಅಕ್ಷರಗಳನ್ನು ಒಂದರ ಪಕ್ಕಕ್ಕೊಂದು ಜೋಡಿಸಿದರೆ ಸಾಲದು. ಒತ್ತುಗಳು ಕೆಳಗಿಳಿಯಬೇಕು, ಗುಣಿತದ ಚಿಹ್ನೆಗಳು ತಕ್ಕ ಸ್ಥಾನವನ್ನು ಸೇರಬೇಕು, ಅರ್ಕಾವತ್ತು ಮುಂದಕ್ಕೆ ಹೋಗಬೇಕು. ಲಿಪಿಯನ್ನು ಹೀಗೆ ರೂಪಿಸುವ ಹಾರ್ಫ್‌ಬಜ್‌ನಂತಹ ಅಂಗವಿಲ್ಲದ ಹಳೆಯ ಪ್ಲೇಯರುಗಳಲ್ಲಿ ಒತ್ತಕ್ಷರಗಳು ಹರಿದು, ಹಲಂತಗಳು ಸಾಲುಸಾಲಾಗಿ ನಿಂತು, ಓದುವುದೇ ಕಷ್ಟವಾಗುತ್ತದೆ. ರಾಷ್ಟ್ರ, ಸ್ವಾತಂತ್ರ್ಯ, ಕಾರ್ಯ ಎಂಬ ಮೂರು ಶಬ್ದಗಳನ್ನು ಸಬ್‌ಟೈಟಲ್ ಫೈಲಿನಲ್ಲಿ ಬರೆದು, ಯುಟಿಎಫ್-8 ಕ್ರಮದಲ್ಲಿ ಉಳಿಸಿ, ನೋಟೋ ಸಾನ್ಸ್ ಕನ್ನಡದಂತಹ ಒಂದು ಯೂನಿಕೋಡ್ ಫಾಂಟನ್ನು ಆರಿಸಿ ಓಡಿಸಿ ನೋಡಿದರೆ ಪ್ಲೇಯರಿನ ಸಾಮರ್ಥ್ಯ ಒಡನೆಯೇ ತಿಳಿಯುತ್ತದೆ. ಅಕ್ಷರಗಳು ಸರಿಯಾಗಿದ್ದು ಮಾತಿಗಿಂತ ಮುಂಚೆಯೇ ಸಾಲು ಮೂಡುತ್ತಿದ್ದರೆ, ವಿಂಡೋಸ್ ಕಂಪ್ಯೂಟರಿನ ವಿಎಲ್‌ಸಿಯಲ್ಲಿ ಎಚ್ ಕೀಲಿಯನ್ನು ಒತ್ತಬೇಕು. ಒಂದೊಂದು ಸಲಕ್ಕೆ ಅದು ಸೆಕೆಂಡಿನ ಸಾವಿರದಲ್ಲಿ 50 ಭಾಗದಷ್ಟು ಹಿಂದೆ ಸರಿಯುತ್ತದೆ, ಮುಂದಕ್ಕೆ ತರುವುದಾದರೆ ಜಿ ಕೀಲಿ.