ಕಣ್ಣಾರೆ ಕಂಡದ್ದೆಲ್ಲ ನಿಜವೇ? ಮನಸ್ಸಿನ ಪ್ರಯೋಗಗಳಲ್ಲಿ ನುಸುಳುವ ಪೂರ್ವಗ್ರಹ



‘ಈ ಪ್ರಾಣಾಯಾಮದಿಂದ ನೂರಾರು ಜನರ ಖಿನ್ನತೆ ಗುಣವಾಗಿದೆ’, ‘ಈ ಲೇಹ್ಯದಿಂದ ಮಕ್ಕಳ ಜ್ಞಾಪಕಶಕ್ತಿ ಇಮ್ಮಡಿಸಿದೆ’ ಎಂಬ ಮಾತುಗಳು ಇಂದು ಮೊಬೈಲಿನ ಮೂಲಕ ಮನೆಮನೆಗೂ ತಲುಪುತ್ತಿವೆ. ಹಾಗೆ ಹೇಳುವವರಲ್ಲಿ ಹೆಚ್ಚಿನವರು ಸುಳ್ಳುಗಾರರಲ್ಲ. ತಮ್ಮ ಕಣ್ಣಾರೆ ಕಂಡದ್ದನ್ನೇ ಹೇಳುತ್ತಾರೆ. ಆದರೆ ಕಣ್ಣಾರೆ ಕಂಡದ್ದೆಲ್ಲ ನಿಜವಾಗಿರಬೇಕೆಂದಿಲ್ಲ. ಜ್ವರವನ್ನು ಥರ್ಮಾಮೀಟರು ಅಳೆಯುತ್ತದೆ. ದುಃಖ, ಭಯ, ಸಂಶಯಗಳನ್ನು ಅಳೆಯಲು ಅಂತಹ ಉಪಕರಣವಿಲ್ಲ. ಒಬ್ಬರು ಕೇಳಬೇಕು, ಮತ್ತೊಬ್ಬರು ಹೇಳಬೇಕು. ಕೇಳುವವರಿಗೂ ಹೇಳುವವರಿಗೂ ಅವರವರ ಆಸೆ, ನಿರೀಕ್ಷೆಗಳಿರುತ್ತವೆ. ಪೂರ್ವಗ್ರಹವು ಒಳಬರುವುದು ಈ ಬಾಗಿಲಿನಿಂದಲೇ.

ಪ್ರತ್ಯಕ್ಷಕ್ಕೂ ಮಿತಿಯುಂಟೆಂಬುದು ನಮ್ಮ ಪ್ರಾಚೀನ ವೈದ್ಯರಿಗೆ ತಿಳಿದಿತ್ತು. ಇರುವ ವಸ್ತುವೂ ಕಾಣದೆ ಹೋಗಲು ಚರಕಸಂಹಿತೆಯ ಸೂತ್ರಸ್ಥಾನದ 11ನೆಯ ಅಧ್ಯಾಯವು 8 ಕಾರಣಗಳನ್ನು ಹೇಳುತ್ತದೆ: ಅತಿ ಸಮೀಪ, ಅತಿ ದೂರ, ಮರೆ, ಇಂದ್ರಿಯದ ದೌರ್ಬಲ್ಯ, ಮನಸ್ಸು ನೆಲೆನಿಲ್ಲದಿರುವುದು, ಸಮಾನ ವಸ್ತುಗಳಲ್ಲಿ ಬೆರೆತುಹೋಗುವುದು, ಪ್ರಬಲವಾದ ಇನ್ನೊಂದರಿಂದ ಮಸುಕಾಗುವುದು ಮತ್ತು ಅತಿ ಸೂಕ್ಷ್ಮತೆ. ಆಧುನಿಕ ಮನೋವಿಜ್ಞಾನವು ಇದರ ಮಗ್ಗುಲಿನಲ್ಲಿ ಇನ್ನೊಂದು ಸಂಗತಿಯನ್ನು ತೋರಿಸಿಕೊಟ್ಟಿದೆ. ನಿರೀಕ್ಷೆಯು ಬಲವಾಗಿದ್ದರೆ ಇಲ್ಲದ್ದೂ ಕಾಣುತ್ತದೆ.

ಲೆಕ್ಕ ಮಾಡಿದ ಕುದುರೆ

20ನೆಯ ಶತಮಾನದ ಆರಂಭದಲ್ಲಿ ಬರ್ಲಿನ್ ನಗರದ ವಿಲ್‌ಹೆಲ್ಮ್ ಫಾನ್ ಓಸ್ಟೆನ್ ಎಂಬ ನಿವೃತ್ತ ಶಿಕ್ಷಕರ ಬಳಿ ಹಾನ್ಸ್ ಎಂಬ ಕುದುರೆಯಿತ್ತು. ಲೆಕ್ಕ ಕೇಳಿದರೆ ಅದು ಗೊರಸಿನಿಂದ ನೆಲವನ್ನು ತಟ್ಟಿ ಸರಿಯುತ್ತರ ಕೊಡುತ್ತಿತ್ತು. 1904ರಲ್ಲಿ ಪರಿಶೀಲಿಸಿದ ತಜ್ಞರ ಸಮಿತಿಗೆ ಯಾವ ಮೋಸವೂ ಸಿಗಲಿಲ್ಲ. ಅನಂತರ ಆಸ್ಕರ್ ಫುಂಗ್‌ಸ್ಟ್ ಎಂಬ ಸಂಶೋಧಕರು ಒಂದು ಸರಳ ಉಪಾಯ ಮಾಡಿದರು. ಉತ್ತರ ತಿಳಿಯದವರಿಂದಲೇ ಪ್ರಶ್ನೆ ಕೇಳಿಸಿದರು. ಕುದುರೆಗೆ ಪ್ರಶ್ನಿಸುವವರು ಕಾಣದಂತೆಯೂ ಮಾಡಿ ನೋಡಿದರು. ಕುದುರೆಯ ವಿದ್ಯೆ ಅಲ್ಲಿಗೆ ನಿಂತುಹೋಯಿತು. ಸರಿಯಾದ ಸಂಖ್ಯೆ ಬಂದೊಡನೆ ಪ್ರಶ್ನಿಸಿದವರ ತಲೆ ಅವರಿಗೇ ಅರಿವಿಲ್ಲದಂತೆ ಕೊಂಚ ಅಲುಗುತ್ತಿತ್ತು. ಕುದುರೆ ಅದನ್ನು ಗಮನಿಸಿ ನಿಲ್ಲಿಸುತ್ತಿತ್ತು.

1963ರಲ್ಲಿ ಅಮೆರಿಕದ ರಾಬರ್ಟ್ ರೋಸೆಂತಾಲ್ ಮತ್ತು ಕರ್ಮಿಟ್ ಫೋಡ್ ಅವರು ವಿದ್ಯಾರ್ಥಿಗಳಿಗೆ ಇಲಿಗಳನ್ನು ಕೊಟ್ಟು, ಅವು ದಾರಿ ಕಲಿಯುವುದನ್ನು ದಾಖಲಿಸಲು ಹೇಳಿದರು. ಕೆಲವರಿಗೆ ‘ನಿಮ್ಮವು ಚುರುಕಿನ ತಳಿ’ ಎಂದೂ ಉಳಿದವರಿಗೆ ‘ನಿಮ್ಮವು ಮಂದ ತಳಿ’ ಎಂದೂ ತಿಳಿಸಲಾಗಿತ್ತು. ವಾಸ್ತವವಾಗಿ ಎಲ್ಲವೂ ಸಾಮಾನ್ಯ ಇಲಿಗಳೇ. ಆದರೂ ‘ಚುರುಕಿನ’ ಇಲಿಗಳೇ ಮೇಲುಗೈ ಸಾಧಿಸಿದುವೆಂದು ದಾಖಲಾಯಿತು. ಪ್ರಯೋಗ ಮಾಡುವವರ ನಿರೀಕ್ಷೆಯೇ ಫಲಿತಾಂಶವನ್ನು ಬದಲಿಸಬಲ್ಲುದೆಂದು ಇದರಿಂದ ತಿಳಿಯಿತು.

ಪ್ರಯೋಗಕ್ಕೆ ಒಳಗಾಗುವವರೂ ಸುಮ್ಮನಿರುವುದಿಲ್ಲ. ಸಂಶೋಧಕರು ಬಯಸುವುದೇನೆಂದು ಊಹಿಸಿ ಅದಕ್ಕೆ ತಕ್ಕಂತೆ ನಡೆದುಕೊಳ್ಳುತ್ತಾರೆಂದು ಮಾರ್ಟಿನ್ ಓರ್ನ್ ಎಂಬ ವಿದ್ವಾಂಸರು 1962ರಲ್ಲಿ ವಿವರಿಸಿದರು. ನಮ್ಮ ಹಳ್ಳಿಗಳ ವೈದ್ಯರಿಗೆ ಇದು ಹೊಸದಲ್ಲ. ‘ಹೇಗಿದ್ದೀರಿ?’ ಎಂದರೆ ರೋಗಿಯು ಸೌಜನ್ಯಕ್ಕಾಗಿಯೇ ‘ಪರವಾಗಿಲ್ಲ ಡಾಕ್ಟ್ರೇ, ವಾಸಿ’ ಎನ್ನುವುದುಂಟು. ಗುಣ ಕಾಣದವರು ಮರಳಿ ಬರುವುದೇ ಇಲ್ಲ. ಮರಳಿ ಬಂದವರನ್ನಷ್ಟೇ ಲೆಕ್ಕ ಹಿಡಿದರೆ ಪ್ರತಿಯೊಂದು ಔಷಧವೂ ರಾಮಬಾಣವಾಗಿಬಿಡುತ್ತದೆ.

ನಿಮ್ಹಾನ್ಸ್‌ನ ಒಂದು ಪ್ರಯೋಗ

ಇಂತಹ ತೊಡಕುಗಳ ನಡುವೆಯೂ ಮನೋರೋಗದಲ್ಲಿ ಯೋಗದ ಪ್ರಯೋಜನವನ್ನು ಪರೀಕ್ಷಿಸಲು ಸಾಧ್ಯವೇ? ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆಯ ವೈದ್ಯರಾದ ಬಿ.ಎನ್. ಗಂಗಾಧರ, ಜಗದೀಶ ತೀರ್ಥಹಳ್ಳಿ ಮೊದಲಾದವರು ಎಚ್.ಆರ್. ನಾಗೇಂದ್ರ ಅವರೊಡಗೂಡಿ ನಡೆಸಿ, 2007ರಲ್ಲಿ ಪ್ರಕಟಿಸಿದ ಅಧ್ಯಯನವು ಇದಕ್ಕೆ ಉತ್ತಮ ಉದಾಹರಣೆ. ಸ್ಕಿಜೋಫ್ರೀನಿಯಾ ಎಂದರೆ ಇಲ್ಲದ ದನಿಗಳು ಕೇಳಿಸುವ, ಸಲ್ಲದ ಸಂಶಯಗಳು ಕಾಡುವ, ಕ್ರಮೇಣ ಮನುಷ್ಯನನ್ನು ಮಂಕಾಗಿಸುವ ತೀವ್ರ ಮನೋರೋಗ. ಈ ರೋಗವಿದ್ದ 61 ಜನರಲ್ಲಿ 31 ಜನರಿಗೆ ಯೋಗವನ್ನೂ 30 ಜನರಿಗೆ ಸಾಧಾರಣ ದೈಹಿಕ ವ್ಯಾಯಾಮವನ್ನೂ ನಿಗದಿಪಡಿಸಿ, 4 ತಿಂಗಳ ನಂತರ ಪರೀಕ್ಷಿಸಲಾಯಿತು.

ಇಲ್ಲಿ ವಹಿಸಿದ ಎಚ್ಚರಗಳು ಮೂರು. ಮೊದಲನೆಯದಾಗಿ, ಯಾರು ಯಾವ ಗುಂಪಿಗೆಂಬುದನ್ನು ವೈದ್ಯರಾಗಲಿ ರೋಗಿಗಳಾಗಲಿ ಆಯ್ದುಕೊಳ್ಳಲಿಲ್ಲ. ಚೀಟಿ ಎತ್ತಿದಂತೆ ಯಾದೃಚ್ಛಿಕವಾಗಿ ಹಂಚಲಾಯಿತು. ನಮ್ಮ ತ್ಯಾವಣಿಗೆ ಭಾಗದ ರೈತರಿಗೆ ಇದರ ಮರ್ಮವನ್ನು ವಿವರಿಸಬೇಕಾಗಿಲ್ಲ. ಹೊಸ ತಳಿಯ ಭತ್ತವನ್ನು ಭದ್ರಾ ಕಾಲುವೆಯ ಮೇಲ್ಭಾಗದ ಗದ್ದೆಯಲ್ಲಿಯೂ ಹಳೆಯದನ್ನು ನೀರು ತಲುಪದ ಕೊನೆಯ ಗದ್ದೆಯಲ್ಲಿಯೂ ನಾಟಿ ಮಾಡಿ, ಹೊಸದೇ ಮೇಲೆಂದರೆ ಯಾರೂ ಒಪ್ಪರು. ಉತ್ಸಾಹಿಗಳನ್ನೆಲ್ಲ ಯೋಗದ ಗುಂಪಿಗೆ ಸೇರಿಸಿದರೂ ಆಗುವುದು ಅದೇ.

ಎರಡನೆಯದಾಗಿ, ಹೋಲಿಕೆಯ ಗುಂಪನ್ನು ಸುಮ್ಮನೆ ಕೂರಿಸದೆ ಅವರಿಗೂ ವ್ಯಾಯಾಮವನ್ನು ಕೊಟ್ಟರು. ಹಾಗಿಲ್ಲದಿದ್ದರೆ ಕಂಡ ಸುಧಾರಣೆಯು ಯೋಗದಿಂದಲೋ, ಮೈ ಅಲುಗಿಸಿದ್ದರಿಂದಲೋ, ಕಲಿಸುವವರ ಅಕ್ಕರೆಯ ಮಾತಿನಿಂದಲೋ ಎಂದು ಬೇರ್ಪಡಿಸಲಾಗುತ್ತಿರಲಿಲ್ಲ. ಅಲ್ಲದೆ ಮನೋರೋಗಗಳಲ್ಲಿ ಏರಿಳಿತ ಸಹಜ. ರೋಗವು ಉಲ್ಬಣಿಸಿದಾಗ ಚಿಕಿತ್ಸೆಗೆ ಬಂದವರಲ್ಲಿ ಕೆಲವರು ಕಾಲಕ್ರಮದಲ್ಲಿ ತಾವಾಗಿಯೇ ಕೊಂಚ ಇಳಿಮುಖವಾಗುತ್ತಾರೆ. ಹೋಲಿಕೆಯ ಗುಂಪಿಲ್ಲದೆ ಇದು ಗೋಚರವಾಗದು.

ಮೂರನೆಯದಾಗಿ, ಕೊನೆಯಲ್ಲಿ ರೋಗಲಕ್ಷಣಗಳನ್ನು ಅಳೆದವರಿಗೆ ಯಾವ ರೋಗಿ ಯಾವ ಗುಂಪಿನವರೆಂಬುದು ತಿಳಿದಿರಲಿಲ್ಲ. ಉತ್ತರ ತಿಳಿಯದವರಿಂದ ಕುದುರೆಗೆ ಪ್ರಶ್ನೆ ಕೇಳಿಸಿದ ಉಪಾಯವೇ ಇಲ್ಲಿಯೂ ಕೆಲಸ ಮಾಡಿದೆ.

ಫಲಿತಾಂಶವು ಯೋಗದ ಪರವಾಗಿ ಬಂತು. ಆ ಗುಂಪಿನಲ್ಲಿ ರೋಗಲಕ್ಷಣಗಳು ವ್ಯಾಯಾಮದ ಗುಂಪಿಗಿಂತ ಕಡಿಮೆಯಾಗಿದ್ದುವು. ಜನರೊಡನೆ ಬೆರೆಯುವುದು, ಕೆಲಸದಲ್ಲಿ ತೊಡಗುವುದು, ಜೀವನದ ಗುಣಮಟ್ಟ ಇವೂ ಮೇಲಾಗಿದ್ದುವು.

ಉಳಿದ ಬಿರುಕುಗಳು

ಆದರೂ ಬಿರುಕುಗಳು ಪೂರ್ತಿ ಮುಚ್ಚಿಹೋಗಲಿಲ್ಲ. ಕೊನೆಯ ಪರೀಕ್ಷೆಗೆ ದೊರೆತವರು 41 ಜನರು ಮಾತ್ರ: ಯೋಗದ ಗುಂಪಿನಿಂದ 21, ವ್ಯಾಯಾಮದ ಗುಂಪಿನಿಂದ 20. ಸುಮಾರು ಮೂರನೆಯ ಒಂದು ಭಾಗದಷ್ಟು ಜನರು ನಡುವೆಯೇ ಕೈಬಿಟ್ಟಿದ್ದರು. ಎರಡೂ ಕಡೆ ಹತ್ತು ಹತ್ತು ಜನರೇ ಹೋದದ್ದು ಕೊಂಚ ಸಮಾಧಾನದ ಸಂಗತಿ. ಆದರೆ ಎರಡೂ ಕಡೆಯವರು ಒಂದೇ ಕಾರಣಕ್ಕೆ ಹೋದರೆಂದು ಇದರಿಂದ ಸಿದ್ಧವಾಗದು. ಇನ್ನೊಂದು ಬಿರುಕು ಯೋಗದ ಸ್ವರೂಪದಲ್ಲಿಯೇ ಇದೆ. ಬಣ್ಣ, ರುಚಿ ಒಂದೇ ಆಗಿರುವ ಹುಸಿಗುಳಿಗೆಯನ್ನು ಕೊಟ್ಟು ರೋಗಿಗೆ ತಿಳಿಯದಂತೆ ಮಾಡಬಹುದು. ಆಸನ ಹಾಕುವವರಿಗೆ ತಾವು ಮಾಡುತ್ತಿರುವುದು ಆಸನವೆಂದು ತಿಳಿಯದಿರಲು ಸಾಧ್ಯವೇ? ಯೋಗವನ್ನು ಪೂಜ್ಯವೆಂದು ಭಾವಿಸುವ ನಮ್ಮ ನಾಡಿನಲ್ಲಿ ಆ ಅರಿವೇ ಅರ್ಧ ಔಷಧವಾಗಬಲ್ಲುದು.

ಇದನ್ನು ಹೇಳುವುದರಿಂದ ಯೋಗದ ಘನತೆಗೆ ಕುಂದಿಲ್ಲ. ಕಲ್ಯಾಣಕ್ಕೆ ಬಂದ ಅಕ್ಕಮಹಾದೇವಿಯವರನ್ನು ಅಲ್ಲಮಪ್ರಭುಗಳು ಕಠಿಣವಾಗಿ ಪ್ರಶ್ನಿಸಿದುದನ್ನು ಶೂನ್ಯಸಂಪಾದನೆಯು ನಿರೂಪಿಸುತ್ತದೆ. ಆ ಪ್ರಶ್ನೆಗಳಿಂದ ಅಕ್ಕನ ನಿಲುವು ಕಿರಿದಾಗಲಿಲ್ಲ, ಬೆಳಗಿತು. ಚಿಕಿತ್ಸೆಯೂ ಅಂತೆಯೇ ಪ್ರಶ್ನೆಯನ್ನು ಎದುರಿಸಿ ನಿಲ್ಲಬೇಕು.

ಮಾತ್ರೆಯನ್ನು ನಿಲ್ಲಿಸುವ ಮುನ್ನ

ಇಷ್ಟೆಲ್ಲ ವಿವರಿಸಲು ಕಾರಣವಿದೆ. ಮೇಲೆ ಹೇಳಿದ ಪ್ರಯೋಗದಲ್ಲಿ ಯೋಗವು ಔಷಧಕ್ಕೆ ಬದಲಿಯಾಗಿರಲಿಲ್ಲ, ಔಷಧದ ಜೊತೆಗಿತ್ತು. ಬಾಯಿಂದ ಬಾಯಿಗೆ ದಾಟುವಾಗ ಮೊದಲು ಉದುರಿಹೋಗುವುದು ಈ ‘ಜೊತೆಗೆ’ ಎಂಬ ಪದವೇ. ‘ಯೋಗದಿಂದ ವಾಸಿಯಾಯಿತಂತೆ’ ಎಂಬ ಮಾತನ್ನು ನಂಬಿ, ಮಗನ ಅಥವಾ ಸೊಸೆಯ ಮಾತ್ರೆಯನ್ನು ಮನೆಯವರೇ ನಿಲ್ಲಿಸುತ್ತಾರೆ. ಮೊದಲ ಕೆಲವು ವಾರ ಏನೂ ಆಗದಿರಬಹುದು. ಅದನ್ನೇ ಗುಣವಾಯಿತೆಂದು ಭಾವಿಸುತ್ತಾರೆ. ಆಮೇಲೆ ರೋಗವು ಮರುಕಳಿಸುತ್ತದೆ. ಪ್ರತಿ ಮರುಕಳಿಕೆಯ ನಂತರ ಚೇತರಿಕೆ ಇನ್ನಷ್ಟು ಕಷ್ಟವಾಗಬಹುದು. ನಾನು ಆಯುರ್ವೇದದ ವೈದ್ಯನಾಗಿಯೇ ಹೇಳುತ್ತೇನೆ: ಮನೋರೋಗತಜ್ಞರನ್ನು ಕೇಳದೆ ಆ ಮಾತ್ರೆಗಳನ್ನು ನಿಲ್ಲಿಸಲೂ ಕೂಡದು, ಕಡಿಮೆ ಮಾಡಲೂ ಕೂಡದು.

ಯಾವುದೇ ಚಿಕಿತ್ಸೆಯ ಹೊಗಳಿಕೆ ಕಿವಿಗೆ ಬಿದ್ದಾಗ ಐದು ಪ್ರಶ್ನೆಗಳನ್ನು ಕೇಳಿರಿ. ಯಾವುದರೊಡನೆ ಹೋಲಿಸಿದರು? ಗುಂಪುಗಳನ್ನು ಹೇಗೆ ವಿಂಗಡಿಸಿದರು? ಅಳೆದವರಿಗೆ ಮೊದಲೇ ಉತ್ತರ ತಿಳಿದಿತ್ತೇ? ನಡುವೆ ಬಿಟ್ಟುಹೋದವರೆಷ್ಟು? ಹಳೆಯ ಔಷಧವು ಮುಂದುವರಿದಿತ್ತೇ? ಉತ್ತರ ಸಿಗದಿದ್ದರೆ ತಜ್ಞರನ್ನು ಕಾಣಿರಿ. ಮಾನಸಿಕ ತೊಂದರೆಗಳಿಗೆ ಸರ್ಕಾರದ ‘ಟೆಲಿ ಮನಸ್’ ಸಹಾಯವಾಣಿ 14416ಕ್ಕೆ ಉಚಿತವಾಗಿ ಕರೆ ಮಾಡಿ ಕನ್ನಡದಲ್ಲಿಯೇ ಸಲಹೆ ಪಡೆಯಬಹುದು. ಬೆಳಗ್ಗೆ ಯೋಗವನ್ನೂ ಮಾಡಿರಿ, ಶಿವಪೂಜೆಯನ್ನೂ ಮಾಡಿರಿ, ಹೊತ್ತಿಗೆ ಸರಿಯಾಗಿ ಮಾತ್ರೆಯನ್ನೂ ತೆಗೆದುಕೊಳ್ಳಿರಿ. ಈ ಮೂರರಲ್ಲಿ ಒಂದಕ್ಕೊಂದು ವಿರೋಧವಿಲ್ಲ.